ನೆರೆಹೊರೆಯ ಒಡಂಬಡಿಕೆ

ಐವತ್ತು ವರ್ಷಗಳ ಅವಧಿಯನ್ನು ಗೊತ್ತುಪಡಿಸಿಕೊಂಡ ಎರಡು ಒಡಂಬಡಿಕೆಗಳನ್ನು ನಾವು ಇಂದು ವಾಚಕರ ಮುಂದಿಡಬಯಸುತ್ತೇವೆ. ಒಂದು, 1924ನೆಯ ಇಸವಿ ಫೆಬ್ರವರಿ 18ರಂದು ಮೈಸೂರು ಸಂಸ್ಥಾನಕ್ಕೂ ಮದರಾಸು ಪ್ರಾಂತಕ್ಕೂ ಕಾವೇರಿಯ ವಿಷಯವಾಗಿ ಆದುದು. ಇನ್ನೊಂದು, 1951ರ ಏಪ್ರಿಲ್ 18ರಂದು ಪ್ಯಾರಿಸ್ ನಗರದಲ್ಲಿ ಯೂರೋಪಿನ ಆರು ರಾಷ್ಟ್ರಗಳು ಕಲ್ಲಿದ್ದಲು ಮತ್ತು ಉಕ್ಕಿನ ವಿಷಯವಾಗಿ ಮಾಡಿಕೊಂಡುದು. ಮೊದಲನೆಯದು ತನ್ನ ಅವಧಿಯನ್ನು ಮುಗಿಸಿ ವ್ಯಾಜ್ಯವಾಯಿತು. ಎರಡನೆಯದು ತನ್ನ ಅವಧಿಯನ್ನು ಮುಗಿಸಿ ತನಗಿಂತ ದೊಡ್ಡದಾದ ಒಕ್ಕೂಟದಲ್ಲಿ ಲೀನವಾಯಿತು. ಈ ಅಂತರ ಏತರಿಂದ ಬಂದಿತೆಂಬುದನ್ನು ಮಂಡ್ಯ, ಮದ್ದೂರು, ಮಳವಳ್ಳಿಯ ರೈತರು ವಿಚಾರಿಸಿ ನೋಡುವುದು ಅಗತ್ಯ. ಮೊದಲನೆಯದರ ಫಲವನ್ನು ಉಣ್ಣುತ್ತಿರುವವರು ಅವರೇ ಅಲ್ಲವೆ?

ಫ್ರಾನ್ಸ್ ಮತ್ತು ಜರ್ಮನಿಗಳು 1870, 1914 ಮತ್ತು 1939ರಲ್ಲಿ, ಎಂದರೆ ಎಪ್ಪತ್ತು ವರ್ಷಗಳೊಳಗೆ ಮೂರಾವರ್ತಿ, ಒಂದರ ಮೇಲೊಂದು ಶಸ್ತ್ರವೆತ್ತಿದುವು. ಒಂದು ಕಡೆ ಲೊರೇನ್ ಪ್ರದೇಶದ ಕಬ್ಬಿಣದ ಅದಿರು, ಇನ್ನೊಂದು ಕಡೆ ರೂರ್ ಪ್ರದೇಶದ ಕಲ್ಲಿದ್ದಲು. ಎರಡೂ ಕೂಡದೆ ಉಕ್ಕಿಲ್ಲ, ಎರಡನ್ನೂ ತಾನೇ ವಶಪಡಿಸಿಕೊಳ್ಳುವೆನೆಂಬ ಹಟಕ್ಕೆ ಕೊನೆಯಿಲ್ಲ. ಈ ವೈರಕ್ಕೆ ಔಷಧವೆಂದು 1950ರ ಮೇ 9ರಂದು ಫ್ರಾನ್ಸಿನ ವಿದೇಶಾಂಗ ಮಂತ್ರಿ ರೊಬೆರ್ ಶೂಮನ್ನರು ಒಂದು ಸಲಹೆಯನ್ನು ಮುಂದಿಟ್ಟರು: ಇವೆರಡು ಸರಕುಗಳ ಉತ್ಪಾದನೆಯನ್ನು ಎರಡು ರಾಷ್ಟ್ರಗಳಿಗೂ ಸಮಾನವಾದ ಒಂದು ಅಧಿಕಾರಮಂಡಲಿಯ ಕೈಗೆ ಒಪ್ಪಿಸಬೇಕು. ಇಟಲಿ, ಬೆಲ್ಜಿಯಂ, ನೆದರ್ಲೆಂಡ್ಸ್, ಲಕ್ಸೆಂಬರ್ಗ್ ಅದರೊಡನೆ ಸೇರಿದುವು. 1952ರಲ್ಲಿ ಝಾನ್ ಮೊನೆಯವರ ಅಧ್ಯಕ್ಷತೆಯಲ್ಲಿ ಒಂಬತ್ತು ಮಂದಿಯ ಆ ಮಂಡಲಿ ಕೆಲಸಕ್ಕೆ ತೊಡಗಿತು. 1957ರ ರೋಮ್ ಒಡಂಬಡಿಕೆ, 1968ರಲ್ಲಿ ಆರು ರಾಷ್ಟ್ರಗಳ ನಡುವಣ ಸುಂಕದ ನಿವಾರಣೆ, ಇವೆಲ್ಲ ಅದರ ಹಿಂದೆಯೇ ಬಂದುವು. ಯುದ್ಧದಿಂದ ಹಾಳುಬಿದ್ದಿದ್ದ ಆ ನಾಡುಗಳು ಕಾಲು ಶತಮಾನದೊಳಗೆ ಸಂಪದ್ಭರಿತವಾದುವು. ಇದೆಲ್ಲವೂ ಒಂದೇ ಒಡಂಬಡಿಕೆಯ ಫಲವೆಂದು ನಾವು ಹೇಳುವುದಿಲ್ಲ. 1948ರಿಂದ ಹರಿದು ಬಂದ ಅಮೆರಿಕದ ಮಾರ್ಷಲ್ ನೆರವೂ, ಆ ಜನರ ದುಡಿಮೆಯೂ ಕಾರಣವಾದುವು. ಆದರೆ ನೆರೆಯವನ ಏಳಿಗೆ ತನ್ನ ನಾಶವೆಂಬ ಭಯ ಹೋಗದಿದ್ದಲ್ಲಿ ಆ ದುಡಿಮೆ ಮತ್ತೊಮ್ಮೆ ತೋಪುಗಳಿಗೆ ಆಹುತಿಯಾಗುತ್ತಿತ್ತೆಂಬುದರಲ್ಲಿ ಸಂದೇಹವಿಲ್ಲ.

ಇನ್ನು ನಮ್ಮ ಸೀಮೆಯ ಮಾತು. 1892ರ ಕರಾರಿನಂತೆ ಮದರಾಸಿನ ಸಮ್ಮತಿಯಿಲ್ಲದೆ ಮೈಸೂರು ಹೊಸ ನೀರಾವರಿ ಕೆಲಸವನ್ನು ಕೈಗೊಳ್ಳುವಂತಿರಲಿಲ್ಲ. 1911ರಲ್ಲಿ ಆರಂಭವಾದ ಕನ್ನಂಬಾಡಿಯ ಅಣೆಕಟ್ಟಿಗೆ ಈ ಕರಾರು ಎಷ್ಟು ತೊಡಕಾಯಿತೆಂಬುದನ್ನು ಬಲ್ಲವರು ಬಲ್ಲರು. 1924ರ ಒಡಂಬಡಿಕೆ ಆ ತೊಡಕನ್ನು ಬಿಡಿಸಿ, ಕೃಷ್ಣರಾಜಸಾಗರದಿಂದ 1,25,000 ಎಕರೆಗೆ ನೀರುಣಿಸಲು ಅವಕಾಶ ಕೊಟ್ಟಿತು. ಅತ್ತ ಮೆಟ್ಟೂರಿನ ಅಣೆಕಟ್ಟು ಎದ್ದಿತು. ರಾಗಿ, ಹುರುಳಿ ಬೆಳೆಯುತ್ತಿದ್ದ ಮಂಡ್ಯದ ಬೆದ್ದಲು ಇಂದಿನ ವಿಶ್ವೇಶ್ವರಯ್ಯ ನಾಲೆಯಿಂದ ಕಬ್ಬಿನ ಗದ್ದೆಯಾಯಿತು. 1933ರಲ್ಲಿ ಮೈಸೂರು ಸಕ್ಕರೆ ಕಂಪೆನಿ ಸ್ಥಾಪಿತವಾಯಿತು. 1939ರಲ್ಲಿ ಮಂಡ್ಯ ಪ್ರತ್ಯೇಕ ಜಿಲ್ಲೆಯಾಯಿತು. ನೆರೆಯವನೊಡನೆ ಮಾಡಿದ ಒಪ್ಪಂದವೊಂದು ಈ ಸೀಮೆಯ ಒಲೆಯನ್ನು ಹೊತ್ತಿಸಿತೆಂಬುದನ್ನು ನಾವು ಮರೆಯಬಾರದು.

ಆದರೆ 1974ರಲ್ಲಿ ಅವಧಿ ಮುಗಿದಾಗ ಏನಾಯಿತು? ಒಡಂಬಡಿಕೆ ಮುಗಿದುಹೋಯಿತೆಂದು ನಾವು, ಮುಗಿಯಲಿಲ್ಲವೆಂದು ಅವರು. 1990ರಲ್ಲಿ ನ್ಯಾಯಮಂಡಲಿ, 1991ರಲ್ಲಿ ಮಧ್ಯಂತರ ಆಜ್ಞೆ, 2007ರಲ್ಲಿ ಅಂತಿಮ ತೀರ್ಪು, 2018ರ ಫೆಬ್ರವರಿ 16ರಂದು ಸರ್ವೋಚ್ಚ ನ್ಯಾಯಾಲಯದ ನಿರ್ಣಯ. ಕರ್ನಾಟಕಕ್ಕೆ 284.75 ಟಿ.ಎಂ.ಸಿ., ತಮಿಳುನಾಡಿಗೆ 404.25 ಟಿ.ಎಂ.ಸಿ. ಎಂದು ಗೊತ್ತಾಯಿತು. ಈ ನಡುವೆ ಮಳೆ ತಪ್ಪಿದ ವರ್ಷಗಳಲ್ಲಿ ಮಂಡ್ಯ, ಮದ್ದೂರುಗಳ ಹೆದ್ದಾರಿಯಲ್ಲಿ ರೈತರು ಕುಳಿತರು. 2016ರ ಸೆಪ್ಟೆಂಬರಿನಲ್ಲಿ ಬೆಂಗಳೂರಿನಲ್ಲಿ ತಮಿಳುನಾಡಿನ ಬಸ್ಸುಗಳು ಸುಟ್ಟು ಬೂದಿಯಾದುವು. ಅಲ್ಲಿ ಕನ್ನಡಿಗರ ಅಂಗಡಿ ಹೋಟೆಲುಗಳ ಮೇಲೆ ಕೈಮಾಡಿದರು. ಇದರಿಂದ ಒಂದು ಬೊಗಸೆ ನೀರು ಹೆಚ್ಚಿತೆ?

ನ್ಯಾಯಾಲಯದ ಮೆಟ್ಟಿಲನ್ನು ನಿತ್ಯ ಹತ್ತಿಳಿಯುವ ನಮಗೆ ಒಂದು ಅನುಭವವುಂಟು. ಡಿಕ್ರಿಯು ಅಣ್ಣತಮ್ಮಂದಿರ ಜಮೀನಿಗೆ ಗಡಿಕಲ್ಲನ್ನು ನೆಡಬಲ್ಲುದು. ಬರಗಾಲದಲ್ಲಿ ಇಬ್ಬರೂ ಒಂದೇ ಬಾವಿಯಿಂದ ಸೇದುವಂತೆ ಮಾಡಲಾರದು. 1924ರ ಒಡಂಬಡಿಕೆ ಪಾಲುಪತ್ರವಾಗಿತ್ತು. 1951ರದು ಕೂಡುಸಂಸಾರದ ಏರ್ಪಾಡಾಗಿತ್ತು. ಅಲ್ಲಿ ಮಂಡಲಿಯ ಸದಸ್ಯರು ತಮ್ಮ ತಮ್ಮ ಸರ್ಕಾರಗಳ ಅಪ್ಪಣೆಯನ್ನು ಕೇಳುವಂತಿರಲಿಲ್ಲ. ಉತ್ಪನ್ನದ ಮೇಲೆ ಎತ್ತಿದ ವಂತಿಗೆಯಿಂದ, ಗಣಿ ಮುಚ್ಚಿ ಕೆಲಸ ಕಳೆದುಕೊಂಡವರಿಗೆ ಬೇರೆ ಕಸಬನ್ನು ಕಲಿಸಿದರು. ಬೆಲ್ಜಿಯಮ್ಮಿನ ದುರ್ಬಲ ಗಣಿಗಳ ನೆರವಿಗೆ ಜರ್ಮನಿಯ ಮತ್ತು ನೆದರ್ಲೆಂಡ್ಸಿನ ಕಲ್ಲಿದ್ದಲು ವಂತಿಗೆ ತೆತ್ತಿತು. ನಮ್ಮಲ್ಲಿ 2018ರಲ್ಲಿ ರಚಿತವಾದ ಕಾವೇರಿ ನೀರು ನಿರ್ವಹಣಾ ಪ್ರಾಧಿಕಾರಕ್ಕೆ ದೆಹಲಿಯೇ ನೆಲೆ. ಅದರ ಸದಸ್ಯರಲ್ಲಿ ರೈತನಿಗೆ ಸ್ಥಾನವನ್ನು ಗೊತ್ತುಮಾಡಿಲ್ಲ. 2023ರ ಮಳೆಗಾಲ ಕೈಕೊಟ್ಟಾಗ, ಕೊರತೆಯ ಕಷ್ಟವನ್ನು ಹಂಚಿಕೊಳ್ಳುವ ಸೂತ್ರವೊಂದು ಎರಡು ರಾಜ್ಯಗಳಿಗೂ ಒಪ್ಪಿತವಾಗಿರಲಿಲ್ಲ.

ಹೀಗೆ ಹೇಳುವುದು ನಾಡಿನ ಹಕ್ಕನ್ನು ಬಿಟ್ಟುಕೊಡುವುದೆಂದು ಕೆಲವರು ಕೋಪಗೊಳ್ಳಬಹುದು. ಮಳವಳ್ಳಿಯವರು ಉತ್ತರ ಹೇಳಲಿ. ಶಿವನಸಮುದ್ರದ ಬಳಿ ಹೊಳೆಯ ಈ ದಡದಲ್ಲಿ ನಿಂತವನಿಗೆ ಎದುರಿನ ಕೊಳ್ಳೇಗಾಲ ತಾಲ್ಲೂಕು 1956ರವರೆಗೂ ಕೊಯಮತ್ತೂರು ಜಿಲ್ಲೆಗೆ ಸೇರಿದ ಪರಪ್ರಾಂತವಾಗಿತ್ತು. ಏಕೀಕರಣದಿಂದ ಎರಡು ದಡಗಳೂ ಒಂದೇ ಮನೆಯಾದುವು. ಯಾವ ದಡದ ಮಾನವೂ ಕುಂದಲಿಲ್ಲ. ತನ್ನ ಮನೆಯನ್ನು ಒಂದುಗೂಡಿಸಿಕೊಂಡ ನಾಡು ನೆರೆಯವನೊಡನೆ ಸಮಾನನಾಗಿ ಕುಳಿತು ಮಾತನಾಡಬಲ್ಲುದು. 1892ರ ಕರಾರು ನೋಯಿಸಿದುದು ಅದು ಒಪ್ಪಂದವಾದುದಕ್ಕಲ್ಲ, ಅಸಮಾನರ ಒಪ್ಪಂದವಾದುದಕ್ಕೆ.

ಆದುದರಿಂದ ನಮ್ಮ ಕೋರಿಕೆಗಳು ಮೂರು. ಮೊದಲನೆಯದು, ಮುಂಗಾರಿಗೆ ಮುನ್ನವೇ ಕೊರತೆಯ ಸೂತ್ರವನ್ನು ಎರಡು ರಾಜ್ಯಗಳೂ ಒಪ್ಪಿ ಪ್ರಕಟಿಸಲಿ. ಒಟ್ಟಲು ಹಾಕುವ ಮೊದಲೇ ರೈತನಿಗೆ ತನ್ನ ಪಾಲು ತಿಳಿದಿರಲಿ. ಎರಡನೆಯದು, ಮಳವಳ್ಳಿ ತಾಲ್ಲೂಕಿನ ತೊರೆಕಾಡನಹಳ್ಳಿಯಿಂದ ಬೆಂಗಳೂರಿಗೆ ಕಾವೇರಿ ಏರಿ ಹೋಗುತ್ತಿದೆ. ಆ ನೀರನ್ನು ಬಳಸುವ ಕೈಗಾರಿಕೆಗಳೂ ಸಿರಿವಂತ ಬಡಾವಣೆಗಳೂ ಒಂದು ವಂತಿಗೆಯನ್ನು ತೆತ್ತು, ನಾಲೆ ಬತ್ತಿದ ವರ್ಷ ಬೆಳೆ ಕೈಬಿಟ್ಟ ರೈತನನ್ನು ಪೋಷಿಸಲಿ. ಮೂರನೆಯದು, ಪ್ರಾಧಿಕಾರದಲ್ಲಿ ಮಂಡ್ಯದ ರೈತನಿಗೂ ತಂಜಾವೂರಿನ ರೈತನಿಗೂ ಸ್ಥಾನವಿರಲಿ. ಇದು ಕನಸಲ್ಲ. 2003ರಲ್ಲಿ ಎರಡು ರಾಜ್ಯಗಳ ರೈತರು ತಾವಾಗಿಯೇ ‘ಕಾವೇರಿ ಕುಟುಂಬ’ವೆಂಬ ಹೆಸರಿನಲ್ಲಿ ಕೂಡಿ, ಒಬ್ಬರ ಗದ್ದೆಯನ್ನು ಇನ್ನೊಬ್ಬರು ಕಣ್ಣಾರೆ ಕಂಡು ಬಂದರು. ಸರ್ಕಾರಗಳು ಆ ಹೆಜ್ಜೆಯನ್ನು ಹಿಂಬಾಲಿಸಲಿಲ್ಲ.

ಮದ್ದೂರಿನ ಎಳನೀರು ಗಡಿಗಳನ್ನು ದಾಟಿ ಮಾರಾಟವಾಗುತ್ತದೆ. ಕರ್ನಾಟಕದ ರೇಷ್ಮೆ ಕಾಂಚೀಪುರದ ಮಗ್ಗದಲ್ಲಿ ಸೀರೆಯಾಗುತ್ತದೆ. ಸಂತೆಯಲ್ಲಿ ಕೂಡಿದವರು ಹೊಳೆಯ ದಡದಲ್ಲಿಯೂ ಕೂಡಬೇಕು. ಮುಂದಿನ ಬರಗಾಲ ನಮ್ಮನ್ನು ಕೇಳಿ ಬರುವುದಿಲ್ಲ. ಅದು ಬರುವುದಕ್ಕೆ ಮುಂಚೆಯೇ ನಮ್ಮ ಪ್ರತಿನಿಧಿಗಳನ್ನು ಈ ಮೂರು ಪ್ರಶ್ನೆಗಳಿಂದ ಎದುರಿಸಬೇಕೆಂದು ವಾಚಕರನ್ನು ಪ್ರಾರ್ಥಿಸುತ್ತೇವೆ.