ಸಂಗ್ರಹವೂ ದಾಸೋಹವಾಗಲಿ



ಸಿಂಧನೂರು, ಲಿಂಗಸುಗೂರು, ಮಸ್ಕಿ ಸೀಮೆಯ ಹಿರಿಯರಿಗೆ ಹಿಂದಿ ಸಿನಿಮಾ ಪರಕೀಯವಲ್ಲ. 1948ರವರೆಗೆ ಈ ನಾಡು ನಿಜಾಮರ ಆಳ್ವಿಕೆಯಲ್ಲಿತ್ತು. ಕಚೇರಿಯ ಭಾಷೆ ಉರ್ದುವಾಗಿತ್ತು. ಹೀಗಾಗಿ 1952ರಲ್ಲಿ ರೇಡಿಯೋ ಸಿಲೋನಿನಿಂದ ಬಿನಾಕಾ ಗೀತಮಾಲಾ ಆರಂಭವಾದಾಗ ಆ ಹಾಡುಗಳ ನುಡಿ ನಮ್ಮವರ ಕಿವಿಗೆ ಹೊಸದೆನಿಸಲಿಲ್ಲ. ಟೂರಿಂಗ್ ಟಾಕೀಸಿನ ನೆಲದಲ್ಲಿ ಕುಳಿತು ಚಿತ್ರ ನೋಡಿ, ಹಾಡಿನ ಪುಸ್ತಕ ಕೊಂಡು ತಂದು ಟ್ರಂಕಿನಲ್ಲಿಟ್ಟವರು ಇಂದಿಗೂ ಇದ್ದಾರೆ.

ಈಗ ಅಂಥ ಕಾಗದಕ್ಕೆ ಬೆಲೆ ಬಂದಿದೆ. ಹಳೆಯ ಪೋಸ್ಟರುಗಳು ಮುಂಬಯಿಯ ಹರಾಜಿನಲ್ಲಿ ದೊಡ್ಡ ಮೊತ್ತಕ್ಕೆ ಹೋಗುತ್ತವೆ. ಕೂಡಿಡುವುದು ತಪ್ಪೇ? ತಪ್ಪೆಂದು ನಾವು ಹೇಳುವುದಿಲ್ಲ. 1931ರಲ್ಲಿ ತೆರೆಕಂಡ ದೇಶದ ಮೊದಲ ಮಾತಿನ ಚಿತ್ರ ‘ಆಲಂ ಆರಾ’ದ ಒಂದು ಪ್ರತಿಯೂ ಇಂದು ಸಿಗದು. 1934ರ ಕನ್ನಡದ ‘ಸತಿ ಸುಲೋಚನಾ’ದ ಗತಿಯೂ ಅದೇ. ಯಾರೋ ಜೋಪಾನ ಮಾಡಿದ ಫೋಟೋ, ಕಾಗದಗಳಿಂದಲೇ ಅವುಗಳ ಗುರುತು ಉಳಿದಿದೆ.

ದೋಷವಿರುವುದು ‘ಇದು ನನ್ನಲ್ಲಿ ಮಾತ್ರ ಇದೆ’ ಎಂಬ ಭಾವದಲ್ಲಿ. ಇಂದಿನ ಮನರಂಜನೆಗೂ ಈ ರೋಗ ತಗುಲಿದೆ. ಬೇರೆ ಬಾಗಿಲು, ಬೇರೆ ಆಸನ, ಆಯ್ದ ಕೆಲವರಿಗಷ್ಟೇ ಪ್ರದರ್ಶನ. ನೆರೆಯವನಿಗೆ ಸಿಗಲಿಲ್ಲವೆಂಬುದೇ ಸುಖವಾದರೆ ಅದು ಆನಂದವಲ್ಲ, ಅಹಂಕಾರ. ತುಂಗಭದ್ರೆಯ ಎಡದಂಡೆ ಕಾಲುವೆಯ ನೀರನ್ನು ಮೇಲಿನವರೇ ತಡೆದರೆ ಕೊನೆಯ ಹೊಲದ ಗತಿ ಏನೆಂದು ರೈತರಾದ ನಿಮಗೆ ಹೇಳಬೇಕಾಗಿಲ್ಲ.

ಮಸ್ಕಿಯ ಬೆಟ್ಟವನ್ನು ನೋಡಿರಿ. 1915ರಲ್ಲಿ ಬೆಳಕಿಗೆ ಬಂದ ಅಲ್ಲಿಯ ಶಾಸನದಲ್ಲಿ ಅಶೋಕನ ಹೆಸರೇ ಇದೆ. ಚಕ್ರವರ್ತಿ ತನ್ನ ಮಾತನ್ನು ಅರಮನೆಯ ಪೆಟ್ಟಿಗೆಯಲ್ಲಿಡದೆ ಬಯಲ ಬಂಡೆಯ ಮೇಲೆ ಕೆತ್ತಿಸಿದ. ಧರ್ಮದ ಫಲ ದೊಡ್ಡವರಿಗಷ್ಟೇ ಅಲ್ಲ, ಧರ್ಮದಲ್ಲಿ ನಡೆಯುವ ಸಾಮಾನ್ಯನಿಗೂ ಉಂಟೆಂಬುದೇ ಅದರ ಸಾರ.

ನಮ್ಮವರಲ್ಲೇ ಡಾ. ಫ. ಗು. ಹಳಕಟ್ಟಿಯವರು ದೊಡ್ಡ ಸಂಗ್ರಾಹಕರು. ಮನೆ ಮನೆಯ ಜಗುಲಿಯಲ್ಲಿ ಪೂಜೆಗೆ ಮಾತ್ರ ಉಳಿದಿದ್ದ ವಚನಗಳ ಓಲೆಗರಿಗಳನ್ನು ಊರೂರು ತಿರುಗಿ ಕೂಡಿಸಿದರು. 1923ರಲ್ಲಿ ‘ವಚನಶಾಸ್ತ್ರಸಾರ’ವನ್ನು ಹೊರತಂದರು. ಮುದ್ರಣಾಲಯಕ್ಕಾಗಿ ಸ್ವಂತ ಮನೆಯನ್ನೇ ಮಾರಿದರು. ಆ ಕಟ್ಟುಗಳು ತಮ್ಮ ಬಳಿ ಮಾತ್ರ ಇರಲೆಂದು ಅವರು ಬೀಗ ಹಾಕಿದ್ದರೆ ಇಂದು ನಮ್ಮ ನಾಲಗೆಯ ಮೇಲೆ ಎಷ್ಟು ವಚನಗಳು ಉಳಿಯುತ್ತಿದ್ದವು?

ಆದುದರಿಂದ ಹಿರಿಯರಲ್ಲಿ ನಮ್ಮ ಮಾತಿಷ್ಟೇ. ಟ್ರಂಕಿನಲ್ಲಿರುವ ಹಾಡಿನ ಪುಸ್ತಕ, ಪೋಸ್ಟರು, ರೆಕಾರ್ಡುಗಳನ್ನು ರದ್ದಿಗೆ ಹಾಕಬೇಡಿ, ಬಚ್ಚಿಡಲೂ ಬೇಡಿ. ಜಾತ್ರೆಯ ದಿನ ಒಂದು ಮೇಜಿನ ಮೇಲೆ ಹರಡಿ, ಮೊಮ್ಮಕ್ಕಳಿಗೆ ಅದರ ಕಥೆ ಹೇಳಿರಿ. ಅದೇ ಟ್ರಂಕಿನ ತಳದಲ್ಲಿ ದೊಡ್ಡಾಟದ ಕೈಬರಹವೋ, ತತ್ವಪದದ ವಹಿಯೋ ಇದ್ದೀತು, ಅದನ್ನು ಮೊದಲು ಹೊರತೆಗೆಯಿರಿ. ಅನ್ನದಂತೆ ಅರಿವನ್ನೂ, ನಲಿವನ್ನೂ ಹಂಚಿ ಉಂಡಾಗಲೇ ಅದು ಪ್ರಸಾದ.

ಸರ್ವರಿಗೂ ಸನ್ಮಂಗಳವಾಗಲಿ.