ಎಲ್.ಎಸ್. ಶೇಷಗಿರಿರಾವ್: ಇಂಗ್ಲಿಷ್ ಪ್ರಾಧ್ಯಾಪಕರ ಕನ್ನಡ ದುಡಿಮೆ

ಹೊಸಗನ್ನಡ ಸಾಹಿತ್ಯಕ್ಕೂ ಇಂಗ್ಲಿಷ್ ವಿಭಾಗಗಳಿಗೂ ಇರುವ ನಂಟನ್ನು ಚರ್ಚಿಸುವಾಗ ಕನ್ನಡ ವಿಮರ್ಶೆಯು ಸಾಮಾನ್ಯವಾಗಿ ಎರಡು ಘಟ್ಟಗಳಲ್ಲಿ ಮಾತ್ರ ನಿಲ್ಲುತ್ತದೆ. ಮೊದಲನೆಯದು ಬಿ.ಎಂ. ಶ್ರೀಕಂಠಯ್ಯನವರ ‘ಇಂಗ್ಲಿಷ್ ಗೀತಗಳು’ (1926). ಎರಡನೆಯದು ಅಡಿಗ, ಅನಂತಮೂರ್ತಿ, ಲಂಕೇಶರ ನವ್ಯ. ಇವರೆಲ್ಲರೂ ಇಂಗ್ಲಿಷ್ ಅಧ್ಯಾಪಕರು. ಇವರ ಸಾಧನೆ ನಿರ್ವಿವಾದ. ಆದರೆ ಯಾವ ಪಂಥವನ್ನೂ ಕಟ್ಟದೆ, ಯಾವ ಮಾರ್ಗದ ಪ್ರವರ್ತಕರೆಂದೂ ಹೇಳಿಕೊಳ್ಳದೆ ದುಡಿದ ಎಲ್.ಎಸ್. ಶೇಷಗಿರಿರಾವ್ (1925-2019) ಅವರಂಥವರು ಈ ಚರ್ಚೆಯಲ್ಲಿ ಅಡಿಟಿಪ್ಪಣಿಯಾಗಿ ಉಳಿದುಬಿಡುತ್ತಾರೆ. ಇದು ಕೇವಲ ಒಬ್ಬ ಲೇಖಕರಿಗೆ ಆದ ಅನ್ಯಾಯವಾಗಿದ್ದರೆ ಸಹಿಸಬಹುದಿತ್ತು.

ಲಕ್ಷ್ಮೇಶ್ವರ ಸ್ವಾಮಿರಾವ್ ಶೇಷಗಿರಿರಾವ್ ವೃತ್ತಿಯಿಂದ ಇಂಗ್ಲಿಷ್ ಪ್ರಾಧ್ಯಾಪಕರು. ಕಥೆ ಬರೆದರು, ವಿಮರ್ಶೆ ಬರೆದರು. ‘ಭಾರತ-ಭಾರತಿ’ ಮಾಲೆಯ 510 ಕಿರುಪುಸ್ತಕಗಳಿಗೆ ಪ್ರಧಾನ ಸಂಪಾದಕರಾಗಿದ್ದರು. 2007ರಲ್ಲಿ ಉಡುಪಿಯ 74ನೆಯ ಸಾಹಿತ್ಯ ಸಮ್ಮೇಳನದ ಅಧ್ಯಕ್ಷರಾದರು. ಇಲ್ಲಿ ಮುಖ್ಯವಾಗಿ ಗಮನಿಸಬೇಕಾದುದು ಅವರ ಎರಡು ಕೃತಿಗಳನ್ನು: ಕನ್ನಡದಲ್ಲಿ ಬರೆದ ‘ಇಂಗ್ಲಿಷ್ ಸಾಹಿತ್ಯ ಚರಿತ್ರೆ’ ಮತ್ತು ಐ.ಬಿ.ಎಚ್. ಪ್ರಕಟಿಸಿದ ಕನ್ನಡ-ಕನ್ನಡ-ಇಂಗ್ಲಿಷ್ ನಿಘಂಟು. ಇವೆರಡೂ ವಿದ್ಯಾರ್ಥಿಯ ಕೈಗೆ ಸಿಗಲೆಂದು ಬರೆದ ಪುಸ್ತಕಗಳು. ವಿದ್ವತ್ತು ಇಲ್ಲಿ ಮೆರೆಯುವುದಿಲ್ಲ. ಬಹುಶಃ ಆ ಕಾರಣಕ್ಕೇ ಇವುಗಳಿಗೆ ‘ಪರಿಚಯಾತ್ಮಕ’ ಎಂಬ ಹಣೆಪಟ್ಟಿ ಅಂಟಿತು.

ನಿಘಂಟಿನ ಹೆಸರಿನಲ್ಲಿ ‘ಕನ್ನಡ’ ಎರಡು ಬಾರಿ ಬಂದಿರುವುದರ ಅರ್ಥ ಬೆಂಗಳೂರಿನಲ್ಲಿ ಕುಳಿತವರಿಗೆ ಸುಲಭವಾಗಿ ಹೊಳೆಯದು. ಚಿಕ್ಕಬಳ್ಳಾಪುರ ಜಿಲ್ಲೆಯ ಪದವಿ ತರಗತಿಗಳಲ್ಲಿ ಹೊಳೆಯುತ್ತದೆ. ಗೌರಿಬಿದನೂರು, ಚಿಂತಾಮಣಿ ಸೀಮೆಯ ಅನೇಕ ಮನೆಗಳ ಮಾತು ತೆಲುಗು. ಚಿಂತಾಮಣಿ ತಾಲ್ಲೂಕಿನ ಕೈವಾರದ ನಾರಾಯಣಪ್ಪನವರು ತೆಲುಗು, ಕನ್ನಡ ಎರಡರಲ್ಲಿಯೂ ಹಾಡಿದ್ದು ಈ ನೆಲದ ಸಹಜ ಸ್ಥಿತಿಯೇ ಹೊರತು ಚಮತ್ಕಾರವಲ್ಲ. ಶಿಡ್ಲಘಟ್ಟದ ರೇಷ್ಮೆ ಬಿಚ್ಚಣಿಕೆಯ ಕುಟುಂಬಗಳಲ್ಲಿ ಉರ್ದು ಆಡುವವರೂ ಇದ್ದಾರೆ. ಹೀಗೆ ಮನೆಯಲ್ಲಿ ಒಂದು ಭಾಷೆ, ಶಾಲೆಯಲ್ಲಿ ಕನ್ನಡ, ಪದವಿಗೆ ಬಂದಾಗ ಇಂಗ್ಲಿಷ್ ಎಂಬ ಕ್ರಮದಲ್ಲಿ ಬಂದ ವಿದ್ಯಾರ್ಥಿಗೆ ಶಿಷ್ಟ ಕನ್ನಡದ ಪದಕ್ಕೂ ವಿವರಣೆ ಬೇಕು. ಮೊದಲು ಕನ್ನಡದಲ್ಲಿ ಅರ್ಥ ಹೇಳಿ ಅನಂತರ ಇಂಗ್ಲಿಷಿಗೆ ದಾಟಿಸುವ ನಿಘಂಟು ಅವನು ನಡೆದು ಬಂದ ದಾರಿಯನ್ನೇ ಅನುಸರಿಸುತ್ತದೆ. ಕನ್ನಡವನ್ನು ಬದಿಗಿಟ್ಟು ಇಂಗ್ಲಿಷ್ ಕಲಿಸುವುದು ಶೀಘ್ರಮಾರ್ಗವೆಂಬ ನಂಬಿಕೆ ಈಗ ಬಲವಾಗಿದೆ. ಶೇಷಗಿರಿರಾಯರ ದುಡಿಮೆ ಅದಕ್ಕೆ ಕೊಟ್ಟ ಉತ್ತರವೆಂದು ಓದಬಹುದು. ಇಂಗ್ಲಿಷಿನ ಪಾಂಡಿತ್ಯವು ಕನ್ನಡದ ಮೂಲಕ ಹಂಚಿಕೆಯಾಗದಿದ್ದರೆ ಅದು ಕೆಲವರ ಸ್ವತ್ತಾಗಿಯೇ ಉಳಿಯುತ್ತದೆ.

ಅವರ ಬರವಣಿಗೆಗೆ ಮಿತಿಗಳಿಲ್ಲವೆಂದಲ್ಲ. ವಿಮರ್ಶಕರಾಗಿ ಅವರದು ಸೌಮ್ಯ ಧ್ವನಿ. ನಿಷ್ಠುರವಾಗಿ ತಿರಸ್ಕರಿಸಬೇಕಾದೆಡೆಯಲ್ಲಿಯೂ ಗುಣಗ್ರಹಣವೇ ಮುಂದಾಗುವುದುಂಟು. ನವ್ಯರ ವಾಗ್ವಾದಗಳಲ್ಲಿದ್ದ ಕಾವು ಅಲ್ಲಿ ಸಿಗದು. ಆದರೆ ಕಾವಿಲ್ಲದ ಈ ಬರಹವೇ ತಾಲ್ಲೂಕು ಕೇಂದ್ರದ ಗ್ರಂಥಾಲಯದಲ್ಲಿ ಹೆಚ್ಚು ಉಪಯುಕ್ತ ಎಂಬುದನ್ನು ಮರೆಯಬಾರದು.

ಇಂಥ ಕೆಲಸಕ್ಕೆ ಉತ್ತರಾಧಿಕಾರಿಗಳು ಏಕೆ ವಿರಳ? ಉತ್ತರದ ಒಂದು ಭಾಗ ವಿಶ್ವವಿದ್ಯಾಲಯಗಳ ಲೆಕ್ಕದಲ್ಲಿಯೇ ಇದೆ. ಯು.ಜಿ.ಸಿ.ಯ 2018ರ ನಿಯಮಾವಳಿಯ ಸಂಶೋಧನಾ ಅಂಕಪಟ್ಟಿಯಲ್ಲಿ ಭಾಷೆ ಮತ್ತು ಮಾನವಿಕ ವಿಷಯಗಳ ಒಂದು ಸಂಶೋಧನ ಲೇಖನಕ್ಕೆ 10 ಅಂಕ. ಒಂದು ಇಡೀ ಅನುವಾದಿತ ಗ್ರಂಥಕ್ಕೆ 8. ನಿಘಂಟಿಗೆ ಪ್ರತ್ಯೇಕ ಸಾಲೇ ಇಲ್ಲ. ವರ್ಷಗಟ್ಟಲೆ ಪದಗಳೊಡನೆ ಏಗುವವನಿಗಿಂತ ಎಂಟು ಪುಟದ ಲೇಖನ ಬರೆದವನು ಬೇಗ ಬಡ್ತಿ ಪಡೆಯುವುದಾದರೆ, ಚಿಂತಾಮಣಿಯ ತರುಣ ಇಂಗ್ಲಿಷ್ ಅಧ್ಯಾಪಕ ಯಾವುದನ್ನು ಆರಿಸಿಕೊಳ್ಳಬೇಕು? ಅವನನ್ನು ದೂರುವುದು ನ್ಯಾಯವಲ್ಲ. ಕನ್ನಡ ವಿಭಾಗಗಳೂ ಈ ವಿಷಯದಲ್ಲಿ ನಿರ್ದೋಷಿಗಳಲ್ಲ: ಪಠ್ಯೋಪಯೋಗಿ ಗ್ರಂಥವನ್ನು ಸಂಶೋಧನೆಯೆಂದು ಒಪ್ಪಲು ಅವು ಹಿಂಜರಿದಿವೆ, ಅಂಥ ಗ್ರಂಥಗಳ ವಿಮರ್ಶೆಗೆ ವಿದ್ವತ್ಪತ್ರಿಕೆಗಳಲ್ಲಿ ಜಾಗವೂ ಅಪರೂಪ.

ಕೇಂದ್ರದ ಅಂಕಪಟ್ಟಿಯನ್ನು ತಿದ್ದುವುದು ಕಾಲೇಜುಗಳ ಕೈಯಲ್ಲಿಲ್ಲ. ಆದರೆ ಚಿಕ್ಕಬಳ್ಳಾಪುರ, ಗೌರಿಬಿದನೂರು, ಚಿಂತಾಮಣಿ, ಶಿಡ್ಲಘಟ್ಟಗಳ ಪದವಿ ಕಾಲೇಜುಗಳ ಕನ್ನಡ ಮತ್ತು ಇಂಗ್ಲಿಷ್ ವಿಭಾಗಗಳು ಜತೆಗೂಡಿ ಆ ಸೀಮೆಯ ತೆಲುಗು, ಉರ್ದು ಬೆರೆತ ಮಾತಿನಿಂದ ಕನ್ನಡಕ್ಕೆ, ಅಲ್ಲಿಂದ ಇಂಗ್ಲಿಷಿಗೆ ಸಾಗುವ ಒಂದು ಪದಕೋಶವನ್ನು ಸಿದ್ಧಪಡಿಸಲು ಯಾರ ಅಪ್ಪಣೆಯೂ ಬೇಕಿಲ್ಲ. ರೇಷ್ಮೆ, ದ್ರಾಕ್ಷಿ, ಹೈನು ಕಸುಬುಗಳ ಶಬ್ದಗಳಿಂದಲೇ ಆರಂಭಿಸಬಹುದು. ಅವನ್ನು ಬಲ್ಲ ವಿದ್ಯಾರ್ಥಿಗಳು ತರಗತಿಯಲ್ಲಿಯೇ ಕುಳಿತಿದ್ದಾರೆ.