ನಿಂತವರು ಮಾತ್ರ ಉಳಿಯುವ ಚಿತ್ರ



ಹಗಲು ಕಂಡ ಬಾವಿಗೆ ಇರುಳು ಬಿದ್ದಂತೆ ಎಂಬ ಗಾದೆಯನ್ನು ನಾವೆಲ್ಲರೂ ಬಲ್ಲೆವು. ಹಗಲಿನಲ್ಲಿ ಹತ್ತಾರು ಸಲ ಕಂಡ ಊರಿನಲ್ಲಿ ಇರುಳು ಕ್ಯಾಮರಾ ಹಿಡಿದು ಹೊರಟವನ ಪಾಡೂ ಅದೇ ಎಂಬುದು ಕಳೆದ ಡಿಸೆಂಬರಿನಲ್ಲಿ ನನಗೆ ಮನವರಿಕೆಯಾಯಿತು. ಆ ಊರು ಹೈದರಾಬಾದು.

ನಾರಾಯಣಪೇಟೆ, ತಾಂಡೂರು, ಜಹೀರಾಬಾದುಗಳ ಕನ್ನಡ ಮನೆಗಳಿಗೆ ಹೈದರಾಬಾದು ಪರಸ್ಥಳವಲ್ಲ. ಮಕ್ಕಳ ಓದು, ಹಿರಿಯರ ಔಷಧೋಪಚಾರ, ಮದುವೆಯ ಜವಳಿ, ಎಲ್ಲಕ್ಕೂ ಅದೇ ದಾರಿ. 1956ರವರೆಗೆ ಬೀದರ, ಗುಲಬರ್ಗಾ, ರಾಯಚೂರು ಜಿಲ್ಲೆಗಳವರಿಗೂ ಅದೇ ರಾಜಧಾನಿಯಾಗಿತ್ತು. ಚಾರ್‌ಮಿನಾರಿನ ಕೆಳಗೆ ಬಳೆ ಕೊಳ್ಳದ ಗೃಹಿಣಿ ನಮ್ಮಲ್ಲಿ ವಿರಳ. ಆದರೆ ಕೊಂಡು, ಕಟ್ಟಿಸಿಕೊಂಡು, ಬಸ್ಸು ಹಿಡಿಯುವ ಅವಸರದಲ್ಲಿ ಆ ಕಟ್ಟಡವನ್ನು ನಿಂತು ನೋಡಿದವರೂ ಅಷ್ಟೇ ವಿರಳ. ನಾನಂತೂ ನೋಡಿದವನಲ್ಲ.

ಹಳೆಯ ಊರಿನಲ್ಲಿ ನಡೆಯುತ್ತಲೇ ರಾತ್ರಿಯ ಛಾಯಾಗ್ರಹಣವನ್ನು ಕಲಿಸುವ ಒಂದು ಚಿಕ್ಕ ತಂಡವಿದೆಯೆಂದು ಮಗಳು ಎಲ್ಲಿಯೋ ತಿಳಿದು, ನನ್ನ ಹೆಸರನ್ನು ಬರೆಸಿಬಿಟ್ಟಳು. ಫಿಲ್ಮಿನ ಕಾಲದಲ್ಲಿ ನಾನು ಕೈಯಾಡಿಸಿದವನೇ. ಆದರೆ 36 ಚಿತ್ರಗಳ ಸುರುಳಿಯಲ್ಲಿ ರಾತ್ರಿಗೆಂದು ಒಂದನ್ನಾದರೂ ಖರ್ಚುಮಾಡುವ ಧೈರ್ಯ ಆಗ ಇರಲಿಲ್ಲ. ಈಗ ಡಿಜಿಟಲ್ ಕ್ಯಾಮರಾ ಇತ್ತು, ಮುಕ್ಕಾಲಿ ಇತ್ತು. ಇಲ್ಲದ್ದು ವಿದ್ಯೆ ಮಾತ್ರ. ಒಂಬತ್ತು ಮಂದಿಯ ತಂಡದಲ್ಲಿ ನಾನೇ ಹಿರಿಯ. ಮಾರ್ಗದರ್ಶಕರು ಹಳೆಯ ಊರಿನಲ್ಲಿಯೇ ಹುಟ್ಟಿ ಬೆಳೆದ ಗೃಹಸ್ಥರು, ಮೆಲುಮಾತಿನವರು.

ಸೂರ್ಯನಿನ್ನೂ ಮುಳುಗಿರಲಿಲ್ಲ. ನಮ್ಮನ್ನು ಮೂಸಿ ನದಿಯ ನಯಾಪುಲ್ ಸೇತುವೆಯ ಮೇಲೆ ನಿಲ್ಲಿಸಿದರು. “ಕತ್ತಲಾದ ಮೇಲಲ್ಲವೆ ರಾತ್ರಿಯ ಚಿತ್ರ?” ಎಂದು ಕೇಳಿದೆ. “ಪೂರ್ತಿ ಕತ್ತಲಾಗುವುದರೊಳಗೆ ಅರ್ಧ ಕೆಲಸ ಮುಗಿದಿರಬೇಕು” ಎಂದರು.

ಅದರ ಮರ್ಮ ಅರ್ಧ ಗಂಟೆಯಲ್ಲಿ ತಿಳಿಯಿತು. ಪಡುವಣಕ್ಕೆ ಒಂದು ದಡದಲ್ಲಿ ಹೈಕೋರ್ಟಿನ ಕಟ್ಟಡ, ಇನ್ನೊಂದು ದಡದಲ್ಲಿ ಉಸ್ಮಾನಿಯಾ ಆಸ್ಪತ್ರೆಯ ಗುಮ್ಮಟಗಳು. ಸೂರ್ಯ ಮುಳುಗಿದ ಮೇಲೆ ಆಗಸದ ಬೆಳಕು ಇಳಿಯುತ್ತ ಬರುತ್ತದೆ, ಊರಿನ ದೀಪಗಳು ಏರುತ್ತ ಬರುತ್ತವೆ. ನಡುವೆ ಕೆಲವು ನಿಮಿಷ ಎರಡೂ ತಕ್ಕಡಿಯ ತಟ್ಟೆಗಳಂತೆ ಸರಿದೂಗುತ್ತವೆ. ಆಗಸವು ಕಪ್ಪಲ್ಲ, ಕಡುನೀಲಿ; ಗುಮ್ಮಟದ ಅಂಚು ಅದರ ಮೇಲೆ ಬಿಡಿಸಿದಂತೆ ಕಾಣುತ್ತದೆ. ಇದಕ್ಕೆ ಛಾಯಾಗ್ರಾಹಕರು ನೀಲಿ ಹೊತ್ತು ಎನ್ನುತ್ತಾರೆ. ನಮ್ಮ ಸೀಮೆಯಲ್ಲಿ ಸಂಜೆ ಬೇಗ ಕಪ್ಪಾಗುವುದರಿಂದ ಇದು ಇಪ್ಪತ್ತು, ಮೂವತ್ತು ನಿಮಿಷಕ್ಕಿಂತ ಹೆಚ್ಚು ನಿಲ್ಲದು. ಅದು ಕಳೆದರೆ ಆಗಸವು ಮಸಿ ಬಳಿದ ಹಲಗೆ. ಗುಮ್ಮಟವೆಲ್ಲಿ, ಇರುಳೆಲ್ಲಿ ಎಂಬುದೇ ತಿಳಿಯದು.

ಆ ಸೇತುವೆಯ ಮೇಲೆ ನಿಂತಾಗ ಕನ್ನಡಿಗನಿಗೆ ಇನ್ನೊಂದು ನೆನಪು ಬಾರದಿರದು. 1908ರ ಸೆಪ್ಟೆಂಬರಿನಲ್ಲಿ ಇದೇ ಮೂಸಿ ಉಕ್ಕಿ ಊರನ್ನು ನುಂಗಿತು. ಮರುವರ್ಷ ನಿಜಾಮ ಸರ್ಕಾರವು ಪ್ರವಾಹ ತಡೆಯುವ ಯೋಜನೆಗಾಗಿ ಕರೆಸಿದ್ದು ಮೋಕ್ಷಗುಂಡಂ ವಿಶ್ವೇಶ್ವರಯ್ಯನವರನ್ನು. ಮೇಲ್ಗಡೆ ಉಸ್ಮಾನ್ ಸಾಗರ, ಹಿಮಾಯತ್ ಸಾಗರಗಳು ಅದರ ಫಲವಾಗಿ ಎದ್ದವು. ಕೆಳಗೆ ಹರಿಯುವ ನೀರು ಈಗ ಸಣ್ಣದು. ಆದರೂ ದೀಪದ ಗೆರೆಗಳನ್ನು ಮಡಿಲಲ್ಲಿಟ್ಟುಕೊಳ್ಳುವಷ್ಟಿತ್ತು.

ಅಲ್ಲಿಯೇ ಮೊದಲ ಪಾಠ. ಮಾರ್ಗದರ್ಶಕರು ನಲ್ಲಿ ಮತ್ತು ಕೊಡದ ದೃಷ್ಟಾಂತ ಕೊಟ್ಟರು. ಮಸೂರದ ರಂಧ್ರವೇ ನಲ್ಲಿ, ಚಿತ್ರವೇ ಕೊಡ. ನಲ್ಲಿಯನ್ನು ಕಿರಿದು ಮಾಡಿದರೆ ಕೊಡ ತುಂಬಲು ಹೊತ್ತು ಹಿಡಿಯುತ್ತದೆ. ಎಫ್ 4ರಿಂದ ಎಫ್ 8ಕ್ಕೆ ಹೋದರೆ ರಂಧ್ರದ ವ್ಯಾಸ ಅರ್ಧವಾಗಿ, ಒಳಬರುವ ಬೆಳಕು ಕಾಲು ಭಾಗಕ್ಕೆ ಇಳಿಯುತ್ತದೆ; 4 ಸೆಕೆಂಡಿನ ಕೆಲಸಕ್ಕೆ 16 ಸೆಕೆಂಡು ಬೇಕು. ಬೆಳಕಿನ ಸಂವೇದನೆಯನ್ನು, ಅಂದರೆ ಐ.ಎಸ್.ಓ. ಸಂಖ್ಯೆಯನ್ನು ಏರಿಸಿದರೆ ಹೊತ್ತು ಉಳಿಯುತ್ತದೆ. ಆದರೆ ನೆರಳಿನಲ್ಲಿ ರಾಗಿ ಚೆಲ್ಲಿದಂತೆ ಕಾಳುಕಾಳು ಏಳುತ್ತದೆ. ಮುಕ್ಕಾಲಿ ಇರುವವನಿಗೆ ಅವಸರವೇಕೆ? 100ರಲ್ಲಿಯೇ ಇರಿಸಿ, ಕಾಯಿರಿ ಎಂದರು. ಬೆರಳು ಒತ್ತಿದ ಅದಿರಾಟವೂ ಚಿತ್ರವನ್ನು ಕೆಡಿಸುವುದರಿಂದ ಎರಡು ಸೆಕೆಂಡಿನ ಸ್ವಯಂಚಾಲಕವನ್ನು ಇಡಿಸಿದರು. ಕ್ಯಾಮರಾದ ಅಳತೆಗಾರನು ಇರುಳನ್ನು ಒಪ್ಪುವವನಲ್ಲ, ಕಂಡದ್ದನ್ನೆಲ್ಲ ನಡುಬೂದು ಮಾಡಲು ನೋಡುತ್ತಾನೆ. ಆದ್ದರಿಂದ ಅವನು ಹೇಳಿದ್ದಕ್ಕಿಂತ ಒಂದು ಹಂತ ಕಡಿಮೆ ಬೆಳಕು ಕೊಡಿರಿ ಎಂದರು. “ಇರುಳಿನ ಚಿತ್ರದಲ್ಲಿ ಇರುಳು ಉಳಿಯಬೇಕು” ಎಂಬ ಮಾತನ್ನು ಆ ಸಂಜೆ ಮೂರು ಸಲ ಹೇಳಿದರು.

ಅಲ್ಲಿಂದ ಚಾರ್‌ಮಿನಾರಿಗೆ ಸುಮಾರು ಒಂದು ಕಿಲೋಮೀಟರು. ಪತ್ತರ್‌ಗಟ್ಟಿಯ ಕಲ್ಲಿನ ಕಮಾನುಗಳ ಸಾಲನ್ನು ದಾಟಿ, ನಾಲ್ಕು ದೊಡ್ಡ ಕಮಾನುಗಳ ನಡುವೆ ಇರುವ ಗುಲ್ಜಾರ್ ಹೌಜ್ ಎಂಬ ಕಾರಂಜಿಯ ಬಳಿ ಬಂದೆವು. ಅಲ್ಲಿ ತೆಂಕಣ ಕಮಾನಿನ ಚೌಕಟ್ಟಿನೊಳಗೆ, ಗೋಲ್ಕೊಂಡದ ಮಹಮ್ಮದ್ ಕುಲಿ ಕುತುಬ್ ಶಾಹನು 1591ರಲ್ಲಿ ಕಟ್ಟಿಸಿದ ಚಾರ್‌ಮಿನಾರು ದೀಪ ಹೊತ್ತು ನಿಂತಿತ್ತು. ಅದರ ನಾಲ್ಕು ಮುಖಗಳಲ್ಲಿರುವ ಗಡಿಯಾರಗಳು ಬಂದದ್ದು ಮೂರು ಶತಮಾನಗಳ ಅನಂತರ, 1889ರಲ್ಲಿ. ಸಂರಕ್ಷಿತ ಸ್ಮಾರಕದ ಒಳಗೆ ಮುಕ್ಕಾಲಿ ಒಯ್ಯಲು ಅನುಮತಿ ಬೇಕಾದ್ದರಿಂದ ನಾವು ಬೀದಿಯಲ್ಲಿಯೇ ನಿಂತೆವು.

ಎದುರಿಗೆ ಜಾತ್ರೆಯಂಥ ಜನ. ಇಷ್ಟು ಜನರ ನಡುವೆ ಕಟ್ಟಡದ ಚಿತ್ರ ಹೇಗೆ ಬಂದೀತೆಂದು ಗೊಣಗುತ್ತಲೇ ಎಫ್ 16 ಇಟ್ಟು 20 ಸೆಕೆಂಡು ಶಟರು ತೆರೆದೆ. ಪರದೆಯ ಮೇಲೆ ಮೂಡಿದ್ದನ್ನು ಕಂಡು ಬೆರಗಾದೆ. ಬೀದಿ ಬರಿದಾಗಿತ್ತು! ನೂರಾರು ಮಂದಿ ಹಾದುಹೋಗಿದ್ದರೂ, ಯಾರೂ ಒಂದೆಡೆಯಲ್ಲಿ ಚಿತ್ರ ಬೀಳುವಷ್ಟು ಹೊತ್ತು ನಿಂತಿರಲಿಲ್ಲ. ಅಲ್ಲಲ್ಲಿ ತೆಳು ಮಂಜಿನ ಎಳೆ, ಯಾರದೋ ಮೊಬೈಲಿನ ದೀಪ ಗೀಚಿದ ಒಂದು ಗೆರೆ, ಅಷ್ಟೆ.

ಆಗ ಮಾರ್ಗದರ್ಶಕರು ಛಾಯಾಗ್ರಹಣದ ಮೊದಲ ದಿನಗಳ ಕಥೆಯೊಂದನ್ನು ಹೇಳಿದರು. 1838ರಲ್ಲಿ ಪ್ಯಾರಿಸಿನ ದಗೆರ್ ಎಂಬಾತನು ಕಿಟಕಿಯಿಂದ ಹಾಡಹಗಲಿನ ದೊಡ್ಡ ಬೀದಿಯೊಂದರ ಚಿತ್ರ ತೆಗೆದನು. ಬೆಳಕು ಹಿಡಿಯಲು ಅಂದಿನ ಫಲಕಕ್ಕೆ ಹಲವು ನಿಮಿಷ ಬೇಕಾಗುತ್ತಿತ್ತು. ಗಾಡಿ, ಕುದುರೆ, ಜನ, ಎಲ್ಲವೂ ಕರಗಿಹೋದವು. ಒಂದು ಮೂಲೆಯಲ್ಲಿ ಬೂಟಿಗೆ ಪಾಲೀಷು ಹಾಕಿಸಿಕೊಳ್ಳುತ್ತ ನಿಂತವನೊಬ್ಬ ಉಳಿದ. ಅವನ ಕಾಲ ಬಳಿ ಕೆಲಸದಾತನೂ ಮಸುಕಾಗಿ ಉಳಿದ. ಛಾಯಾಚಿತ್ರದಲ್ಲಿ ಮನುಷ್ಯಾಕೃತಿ ಕಾಣಿಸಿದ್ದು ಅದೇ ಮೊದಲೆಂದು ಹೇಳುತ್ತಾರೆ. ಆ ಬೀದಿಯ ಗಣ್ಯರು ಯಾರೂ ಉಳಿಯಲಿಲ್ಲ. ಉಳಿದವರು ಒಂದೆಡೆ ನಿಂತವನೂ ಕುಳಿತು ದುಡಿದವನೂ.

ಈ ಕಥೆ ಕೇಳಿ ನನ್ನ ಚಿತ್ರವನ್ನು ಮತ್ತೆ ನೋಡಿದೆ. ಅಲ್ಲಿಯೂ ಒಬ್ಬರು ಉಳಿದಿದ್ದರು. ಕಮಾನಿನ ಬುಡದಲ್ಲಿ ಪೇರಲಹಣ್ಣಿನ ಬುಟ್ಟಿಯಿಟ್ಟುಕೊಂಡು ಕುಳಿತ ಮುದುಕಿ. ಬುಟ್ಟಿ ಸ್ಪಷ್ಟ, ಹಣ್ಣು ಸ್ಪಷ್ಟ, ಸೀರೆಯ ನೆರಿಗೆಯೂ ಸ್ಪಷ್ಟ. ಮುಖ ಮಾತ್ರ ಮಂಜು. ಗಿರಾಕಿಗಳ ಕಡೆ ಅತ್ತಿತ್ತ ತಿರುಗುತ್ತಿದ್ದಳಷ್ಟೆ. ಹತ್ತಿರ ಹೋಗಿ ತೋರಿಸಿದೆ. ದಖನಿಯಲ್ಲಿ ಆಕೆ, “ಹಣ್ಣೆಲ್ಲ ಬಂದಿವೆ, ನಾನೇ ಬಂದಿಲ್ಲವಲ್ಲ!” ಎಂದಳು.

ಮಾತು ಚುಚ್ಚಿತು. ಅರಮನೆಯೂ ಕಮಾನೂ ನಾಳೆಯೂ ಇದ್ದಾವು, ಮುಖ ಹಾಗಲ್ಲ. ಇನ್ನೊಂದು ಚಿತ್ರ ತೆಗೆಯಲೆ ಎಂದು ಕೇಳಿದೆ. ತಲೆಗೆ ಸೆರಗು ಹೊದ್ದು ನೆಟ್ಟಗೆ ಕುಳಿತಳು. ರಂಧ್ರವನ್ನು ಎಫ್ 5.6ಕ್ಕೆ ಹಿಗ್ಗಿಸಿ, ಸಂವೇದನೆಯನ್ನು 400ಕ್ಕೆ ಏರಿಸಿದರೆ 20 ಸೆಕೆಂಡಿನ ಕೆಲಸವು ಒಂದು ಸೆಕೆಂಡಿಗೂ ಕಡಿಮೆಯಾಗುತ್ತದೆ. ಆಕೆಯ ಬುಟ್ಟಿಯಲ್ಲಿದ್ದ ಪುಟ್ಟ ದೀಪದ ಬೆಳಕು ಮುಖಕ್ಕೆ ಸಾಲದೆ ಬಂದಾಗ ಮಾರ್ಗದರ್ಶಕರು ಹಣ್ಣು ಸುತ್ತುವ ಹಳೆಯ ವೃತ್ತಪತ್ರಿಕೆಯನ್ನೇ ಬಿಡಿಸಿ ದೀಪದ ಮುಂದೆ ಹಿಡಿದರು. ಬೆಳಕು ಅದಕ್ಕೆ ತಾಗಿ ಮೆಲ್ಲನೆ ಗಲ್ಲದ ಮೇಲೆ ಬಿತ್ತು. ಹಿಂದಿನ ಕಾಲದ ಸ್ಟುಡಿಯೋದಲ್ಲಿ ಹೇಳುತ್ತಿದ್ದಂತೆ ಉಸಿರು ಬಿಗಿಹಿಡಿಯಲು ಹೇಳಿದೆ. ಎರಡು ಸಲ ನಕ್ಕು ಕೆಡಿಸಿದಳು. ಮೂರನೆಯದು ಬಂತು.

“ಪ್ರತಿ ಕೊಡುವಿರಾ?” ಎಂದಳು. ಕೊಡುತ್ತೇನೆಂದೆ. “ಕೊಡುತ್ತೇನೆಂದವರು ಈ ಬೀದಿಯಲ್ಲಿ ಬಹಳ ಮಂದಿ” ಎಂದು ಹೇಳಿ ಗಿರಾಕಿಯ ಕಡೆಗೆ ತಿರುಗಿದಳು.

ಲಾಡ್ ಬಜಾರಿನ ಅರಗಿನ ಬಳೆಗಳ ಝಗಝಗವನ್ನೂ, 1694ರಲ್ಲಿ ಔರಂಗಜೇಬನ ಆಳಿಕೆಯಲ್ಲಿ ಮುಗಿದ ಮಕ್ಕಾ ಮಸೀದಿಯ ಶಿಲೆಯ ಗಾಂಭೀರ್ಯವನ್ನೂ ಹೊರಗಿನಿಂದ ಹಿಡಿದು, ಮರಳುವಾಗ ಹತ್ತೂವರೆ ದಾಟಿತ್ತು. ಪತ್ತರ್‌ಗಟ್ಟಿಯಲ್ಲಿ ಅಂಗಡಿಗಳು ಮುಚ್ಚಿದ್ದವು. ಕಲ್ಲಿನ ಕಮಾನೊಂದರ ಕೆಳಗೆ ಹಮಾಲನೊಬ್ಬ ತನ್ನ ತಳ್ಳುಗಾಡಿಯ ಮೇಲೆ ಮಲಗಿದ್ದ. ತಲೆಗೆ ತೋಳೇ ದಿಂಬು. ಬೀದಿಯ ದೀಪ ಓರೆಯಾಗಿ ಬಿದ್ದು ಪಾದದ ಬಿರುಕುಗಳೂ ಕಾಣುತ್ತಿದ್ದವು. ಕಲಿತ ವಿದ್ಯೆಯೆಲ್ಲ ಒಟ್ಟಿಗೆ ಕೈಗೆ ಬಂತು. ಮುಕ್ಕಾಲಿ ಇಳಿಸಿ 8 ಸೆಕೆಂಡು ಕೊಟ್ಟೆ. ನಿದ್ರಿಸುವವನಷ್ಟು ನಿಶ್ಚಲನು ಇನ್ನಾರು? ಆ ರಾತ್ರಿಯ ಅತ್ಯುತ್ತಮ ಚಿತ್ರ ಅದೇ ಆಯಿತು.

ಮಾರ್ಗದರ್ಶಕರು ನೋಡಿ, ಬೆಳಕು ಚೆನ್ನಾಗಿ ಬಂದಿದೆ ಎಂದರು. ತುಸು ತಡೆದು, “ಈತನನ್ನು ಕೇಳಿದಿರಾ?” ಎಂದರು.

“ಮಲಗಿರುವವನನ್ನು ಹೇಗೆ ಕೇಳುವುದು?”

“ಅದೇ ಉತ್ತರ” ಎಂದರು. ಮತ್ತೆ ಏನೂ ಹೇಳಲಿಲ್ಲ. ಉಳಿದವರೊಡನೆ ಮುಂದೆ ನಡೆದರು.

ನಾನು ಅಲ್ಲಿಯೇ ನಿಂತೆ. ನಮ್ಮ ಮನೆಯ ಮಲಗುವ ಕೋಣೆಗೆ ಬಾಗಿಲಿದೆ, ಅಗುಳಿಯಿದೆ. ಈತನಿಗೆ ಇರುಳೇ ಬಾಗಿಲು. ಆ ಬಾಗಿಲನ್ನು 8 ಸೆಕೆಂಡು ತೆರೆದು ನಾನು ಒಳಗೆ ಇಣುಕಿದ್ದೆ. ಹಗಲಿನಲ್ಲಿ ಇದೇ ಮನುಷ್ಯ ಬೇಡವೆಂದು ಕೈಯಾಡಿಸಬಲ್ಲವನು, ಮುಖ ತಿರುಗಿಸಬಲ್ಲವನು, ಮುದುಕಿಯಂತೆ ಪ್ರತಿ ಕೊಡಿರೆಂದು ಕೇಳಬಲ್ಲವನು. ನಿದ್ದೆಯಲ್ಲಿ ಅವನಿಗೆ ಯಾವುದೂ ಇಲ್ಲ. ಚಿತ್ರವನ್ನು ಅಳಿಸಿದೆ. ಬೆರಳು ಒಂದು ಕ್ಷಣ ತಡೆಯಿತೆಂಬುದನ್ನು ಮುಚ್ಚಿಡಲಾರೆ. ಇಂದಿಗೂ ಆ ಬೆಳಕು ಕಣ್ಣಿಗೆ ಕಟ್ಟಿದಂತಿದೆ.

ಕಲಿಯಬೇಕೆಂಬ ಮಕ್ಕಳು ಮನೆಯಲ್ಲಿದ್ದರೆ ಬೆಲೆಬಾಳುವ ಸಲಕರಣೆಗಾಗಿ ಕಾಯಬೇಕಾಗಿಲ್ಲ. ಈಗಿನ ಮೊಬೈಲುಗಳ ರಾತ್ರಿಯ ಏರ್ಪಾಡು ಹಲವು ಚಿತ್ರಗಳನ್ನು ಬೆನ್ನುಬೆನ್ನಿಗೆ ತೆಗೆದು ಒಂದಾಗಿ ಹೆಣೆಯುತ್ತದೆ. ಅದನ್ನು ಕಟ್ಟೆಯ ಮೇಲೆ ಒರಗಿಸಿಟ್ಟು, ಮೂರು ಸೆಕೆಂಡಿನ ಸ್ವಯಂಚಾಲಕವನ್ನು ಇಟ್ಟರೆ ಕೈಯ ನಡುಕ ತಪ್ಪುತ್ತದೆ. ನಿಮ್ಮ ಊರಿನ ಗುಡಿ, ಕೋಟೆ, ಕೆರೆಯ ದಡಕ್ಕೆ ಸೂರ್ಯಾಸ್ತಕ್ಕೆ ಕಾಲು ಗಂಟೆ ಮುಂಚೆ ಹೋಗಿರಿ. ಒಬ್ಬರೇ ಹೋಗಬೇಡಿರಿ, ಕಣ್ಣು ಪರದೆಯ ಮೇಲಿರುವಾಗ ಕಾಲ ಬಳಿಯ ಹಳ್ಳ ಕಾಣದು. ಮನುಷ್ಯರಿದ್ದರೆ ಕೇಳಿ ತೆಗೆಯಿರಿ. ಕೇಳಲಾಗದವರನ್ನು ಬಿಟ್ಟುಬಿಡಿರಿ.

ಜನವರಿಯಲ್ಲಿ ಬೇರೆ ಕೆಲಸದ ಮೇಲೆ ಹೈದರಾಬಾದಿಗೆ ಹೋಗಬೇಕಾಯಿತು. ಚಿತ್ರವನ್ನು ಅಚ್ಚು ಹಾಕಿಸಿ, ರಟ್ಟಿನ ನಡುವೆ ಇಟ್ಟುಕೊಂಡು ಸಂಜೆ ಗುಲ್ಜಾರ್ ಹೌಜಿನ ಬಳಿ ಹೋದೆ. ಮುದುಕಿ ಅದೇ ಕಮಾನಿನ ಬುಡದಲ್ಲಿದ್ದಳು. ಗುರುತು ಹಿಡಿಯಲಿಲ್ಲ. ಚಿತ್ರವನ್ನು ಕೈಗಿತ್ತೆ. ದೀಪದ ಹತ್ತಿರ ಹಿಡಿದು, ದೂರ ಹಿಡಿದು ನೋಡಿದಳು. ಪಕ್ಕದ ಬಳೆಯಂಗಡಿಯವನನ್ನು ಕರೆದು ತೋರಿಸಿದಳು. “ಈ ಸಲ ನಾನು ಬಂದಿದ್ದೇನೆ” ಎಂದಳು. ಅನಂತರ ತಕ್ಕಡಿಯ ಕೆಳಗಿನ ತಗಡಿನ ಡಬ್ಬದಲ್ಲಿ, ಆ ದಿನದ ನೋಟುಗಳ ಮೇಲೆ ಅದನ್ನಿಟ್ಟು ಮುಚ್ಚಳ ಮುಚ್ಚಿದಳು.

ಎರಡು ಪೇರಲವನ್ನು ಹೆಚ್ಚಿ, ಉಪ್ಪುಖಾರ ಹಚ್ಚಿ ಕಾಗದದಲ್ಲಿ ಕೊಟ್ಟಳು. ಹಣ ನೀಡಹೋದರೆ ಕೈ ಹಿಂದಕ್ಕೆ ತಳ್ಳಿದಳು. ಕಮಾನಿನ ಕೆಳಗೆ ನಿಂತು ತಿಂದೆ. ಆಗಸವಿನ್ನೂ ನೀಲಿಯಾಗಿಯೇ ಇತ್ತು, ಕ್ಯಾಮರಾ ಚೀಲದಲ್ಲಿತ್ತು, ಅದನ್ನು ಹೊರಗೆ ತೆಗೆಯಬೇಕೆಂದು ಆ ಸಂಜೆ ಅನಿಸಲಿಲ್ಲ.